ಮಿಂಚಡ್ಕದ ಪಂಚಾಂಗ: ಮೋಡದ ದಿನ ತಾರೀಕು ಮುಂದೆ ಹೋಗುವುದಿಲ್ಲ

ಸುಗ್ಗಿ ತಿಂಗಳು

ಪಂಚಾಂಗದ ಮೊದಲ ಆವೃತ್ತಿ ಲೆಕ್ಕದಲ್ಲಿ ಸರಿಬಂತು. ಮಿಂಚಡ್ಕ ಅಂದರೆ ನನ್ನ ಕಟ್ಟುಕತೆಯ ಊರು: ರಸವಾದಿಗಳ ಪೇಟೆ, ಎದುರಿಗೆ ಕಡಲು, ಬೆನ್ನಿಗೆ ಗುಡ್ಡ. ಅಕ್ಷಾಂಶ ಮಾತ್ರ ಕಾಸರಗೋಡಿನದ್ದೇ, ಹನ್ನೆರಡೂವರೆ ಡಿಗ್ರಿ ಉತ್ತರ. ಸಂಶಯ ಬಂದಾಗ ಅಂಗಳಕ್ಕಿಳಿದು ಸೂರ್ಯನನ್ನೇ ಕೇಳಬಹುದಲ್ಲ.

ನಿಯಮ ಸರಳ ಇತ್ತು. ಪ್ರತಿ ತಿಂಗಳಿಗೂ ಹಗಲಿನ ಸಮಪಾಲು. ಇಲ್ಲಿ ವರ್ಷದ ಒಟ್ಟು ಹಗಲು ಸುಮಾರು 4,420 ಗಂಟೆ. ಹನ್ನೆರಡು ಪಾಲು ಮಾಡಿದರೆ ಒಂದಕ್ಕೆ 368ರ ಆಸುಪಾಸು. ಜೂನಿನಲ್ಲಿ ಹಗಲು 12 ಗಂಟೆ 50 ನಿಮಿಷದಷ್ಟು ಇರುವುದರಿಂದ ತಿಂಗಳು 29 ದಿನಕ್ಕೇ ತುಂಬುತ್ತದೆ, ಡಿಸೆಂಬರಿನಲ್ಲಿ 32 ಬೇಕು. ನಮ್ಮ ತುಳು ತಿಂಗಳುಗಳಲ್ಲಿ ಇದು ಸರೀ ಉಲ್ಟಾ. ಜುಲೈ ಆರಂಭದಲ್ಲಿ ಭೂಮಿ ಸೂರ್ಯನಿಂದ ಅತಿ ದೂರದಲ್ಲಿದ್ದು ನಿಧಾನವಾಗಿ ಸಾಗುತ್ತದೆ, ಹಾಗಾಗಿ ಕಾರ್ತೆಲ್ (ಜೂನ್-ಜುಲೈ) ಉದ್ದ, ಪೆರಾರ್ದೆ (ಡಿಸೆಂಬರ್-ಜನವರಿ) ಗಿಡ್ಡ.

ಲೆಕ್ಕವೇನೋ ಚಂದ, ಜೀವ ಇಲ್ಲ. ಅತಿ ಉದ್ದದ ಹಗಲು ನಮ್ಮಲ್ಲಿ ಬರುವುದು ಜಡಿಮಳೆಯ ಕಾಲದಲ್ಲಿ. ಸೂರ್ಯ ಹದಿಮೂರು ಗಂಟೆ ಮೇಲಿದ್ದರೂ ಹಪ್ಪಳ ಒಣಗುವುದಿಲ್ಲ. ಸುಟ್ಟು, ಒಣಗಿಸಿ, ಕರಗಿಸಿ ಬದುಕುವ ರಸವಾದಿ ಆ ಬೆಳಕನ್ನು ಯಾಕೆ ಲೆಕ್ಕಕ್ಕೆ ಹಿಡಿಯುತ್ತಾನೆ? ಆವೃತ್ತಿಯನ್ನು ಕಪಾಟಿಗೆ ಹಾಕಿದೆ.

ಪಗ್ಗು

ಈಗಿನ ಆವೃತ್ತಿಯಲ್ಲಿ ಎಣಿಸುವುದು ಅಂಗಳಕ್ಕೆ ಬಿದ್ದ ಬಿಸಿಲನ್ನು. ಹಣ್ಣಡಿಕೆ ಒಣಗಿ ಚಾಲಿ ಆಗಬೇಕಾದರೆ ನಲವತ್ತು ಬಿಸಿಲು ಬೇಕು ಎನ್ನುತ್ತೇವಲ್ಲ, ಆ ಬಿಸಿಲು. ಮೂವತ್ತು ಬಿಸಿಲಿಗೆ ಒಂದು ತಿಂಗಳು. ಮೋಡದ ದಿನ ತಾರೀಕು ನಿಂತಲ್ಲೇ ನಿಲ್ಲುತ್ತದೆ.

ಬಿಸಿಲು ಬಿತ್ತೇ ಇಲ್ಲವೇ ಎನ್ನುವುದಕ್ಕೆ ಸಾಕ್ಷಿ ಬೇಕು. ಅದನ್ನು ಹುಡುಕುತ್ತಾ ಹೋದಾಗ ಸಿಕ್ಕಿದ ಉಪಕರಣ ನನ್ನ ಕಲ್ಪನೆಗಿಂತ ಚೆನ್ನಾಗಿತ್ತು. 1853ರಲ್ಲಿ ಜಾನ್ ಫ್ರಾನ್ಸಿಸ್ ಕ್ಯಾಂಬೆಲ್ ಎಂಬಾತ ಮರದ ಬಟ್ಟಲಿನೊಳಗೆ ಗಾಜಿನ ಗೋಳ ಇಟ್ಟ. ಬಿಸಿಲು ತಾನೇ ಮರವನ್ನು ಸುಟ್ಟು ಗೆರೆ ಎಳೆಯಿತು. 1879ರಲ್ಲಿ ಜಾರ್ಜ್ ಸ್ಟೋಕ್ಸ್ ಎಂಬ ವಿಜ್ಞಾನಿ ಅದನ್ನು ಸುಧಾರಿಸಿದ ಮೇಲೆ ಸುಡುವುದಕ್ಕೆ ರಟ್ಟಿನ ಪಟ್ಟಿ ಬಂತು. ಮಿಂಚಡ್ಕದಲ್ಲಿ ರಟ್ಟಿಲ್ಲ, ಅಡಿಕೆ ಹಾಳೆ ಇದೆ.

ಮನೆಯಲ್ಲೂ ಮಾಡಿ ನೋಡಿದೆ. ನೀರು ತುಂಬಿದ ಗುಂಡು ಬಾಟ್ಲಿ, ಅಡಿಯಲ್ಲಿ ಒಣ ಹಾಳೆ. ಗಟ್ಟಿ ಗಾಜಿನ ಗೋಳವಾದರೆ ಬೆಳಕು ಅದರ ಮೈಯಿಂದ ಕಾಲು ವ್ಯಾಸದಷ್ಟು ಆಚೆ ಕೂಡುತ್ತದೆ. ನೀರಿನದ್ದಾದರೆ ಅರ್ಧ ವ್ಯಾಸ. ಹಾಳೆಯನ್ನು ಆ ದೂರಕ್ಕೆ ಬಾಗಿಸಿ ಕಟ್ಟಿದರೆ ಮಧ್ಯಾಹ್ನದ ಹೊತ್ತಿಗೆ ಹೊಗೆ ಎದ್ದು ಕಂದು ಗೆರೆ ಮೂಡುತ್ತದೆ, ಮೋಡ ಅಡ್ಡ ಬಂದಲ್ಲಿ ಗೆರೆ ತುಂಡಾಗುತ್ತದೆ. (ಯಾರಾದರೂ ಮಾಡುವುದಿದ್ದರೆ ಪಕ್ಕದಲ್ಲೇ ಕೂರಿ. ತರಗೆಲೆ ಬಿದ್ದ ಅಂಗಳದಲ್ಲಿ ಬೇಡ.) ಕತೆಯ ನಿಯಮ: ಗೆರೆ ಒಂದು ಗೇಣು ಆದರೆ ಒಂದು ಬಿಸಿಲು.

ವಾರ ಮಾತ್ರ ಯಾವ ಮೋಡಕ್ಕೂ ನಿಲ್ಲುವುದಿಲ್ಲ. ಹಳೆಯ ರಸವಾದಿಗಳು ಗ್ರಹಕ್ಕೊಂದು ಲೋಹ ಹಂಚಿದ್ದನ್ನು ಹಾಗೆಯೇ ಎತ್ತಿಕೊಂಡೆ: ಚಿನ್ನ, ಬೆಳ್ಳಿ, ಕಬ್ಬಿಣ, ಪಾದರಸ, ತವರ, ತಾಮ್ರ, ಸೀಸ. ಭಾನುವಾರ ಚಿನ್ನವಾರ, ಶನಿವಾರ ಸೀಸವಾರ. ಹೀಗೆ ನಿಂತ ತಾರೀಕಿಗೂ ಗುರುತು ಸಿಗುತ್ತದೆ: ಕಪ್ಪು 7ರ ತಾಮ್ರವಾರ, ಕಪ್ಪು 7ರ ಸೀಸವಾರ. (ಕಪ್ಪು ಅಂದರೆ ಅಲ್ಲಿನ ಮಳೆಗಾಲ.) ವಾರಕ್ಕಿಂತ ಹೆಚ್ಚು ಮಳೆ ಹಿಡಿದರೆ? ಆಗ 'ಎರಡನೇ ಸೀಸವಾರ'. ಕಿವಿಗೆ ಚಂದ ಕೇಳುವುದಿಲ್ಲ, ಇರಲಿ.

ಬೇಶ

ಋತುಗಳು ನಾಲ್ಕು, ಹೆಸರು ಬಣ್ಣದವು. ಯುರೋಪಿನ ರಸವಾದದಲ್ಲಿ ಕೀಳು ಲೋಹವನ್ನು ಚಿನ್ನ ಮಾಡಹೊರಟ ಮಹಾಕಾರ್ಯದ ಹಂತಗಳು ಕಪ್ಪು, ಬಿಳಿ, ಹಳದಿ, ಕೆಂಪು. ನಮ್ಮ ರಸಶಾಸ್ತ್ರದಲ್ಲೂ ಪಾದರಸ ಗಂಧಕ ಅರೆದರೆ ಮೊದಲು ಕಪ್ಪು ಕಜ್ಜಳಿ, ಅದನ್ನು ಮರಳಿನ ಒಲೆಯಲ್ಲಿ ಕಾಯಿಸಿದರೆ ಕೆಂಪು ರಸಸಿಂದೂರ. ಎರಡೂ ಕಡೆ ಆರಂಭ ಕಪ್ಪಿನಿಂದಲೇ. ಕಪ್ಪು ಅಂದರೆ ಕೊಳೆಯುವ ಹಂತ, ಅಡಿಕೆ ತೋಟ ಇರುವವರಿಗೆ ಅದು ಯಾವ ಕಾಲ ಎಂದು ವಿವರಿಸಬೇಕಾಗಿಲ್ಲ.

ಹೊಸವರ್ಷವೂ ತೋಟದಿಂದಲೇ ಬಂತು. ಕೊಳೆರೋಗಕ್ಕೆ ಮದ್ದು ಬಿಡುವ ಮೊದಲು ಬೋರ್ಡೋ ದ್ರಾವಣ ಕಲಸುತ್ತೇವೆ: 100 ಲೀಟರ್ ನೀರಿಗೆ ಮೈಲುತುತ್ತು 1 ಕೆಜಿ, ಸುಣ್ಣ 1 ಕೆಜಿ. ಹದ ನೋಡುವುದಕ್ಕೆ ಕಬ್ಬಿಣದ ಕತ್ತಿ ಅದ್ದುವುದು. ಅಲಗು ಕೆಂಪಾದರೆ ಸುಣ್ಣ ಸಾಲದು. ಕೆಂಪು ತಾಮ್ರದ್ದು, ಕಬ್ಬಿಣ ನೀರಿಗಿಳಿದು ತಾಮ್ರ ಹೊರಬೀಳುತ್ತದೆ. ಕಬ್ಬಿಣವೇ ತಾಮ್ರವಾಯಿತು ಎಂದು ಹಿಂದಿನ ರಸವಾದಿಗಳು ನಂಬಿದ್ದು ಇಂಥ ನೀರನ್ನೇ ನೋಡಿ. ಮಿಂಚಡ್ಕದಲ್ಲಿ ಅಲಗು ಕೆಂಪಾಗದೆ ಹೊರಬಂದ ದಿನ ಹೊಸವರ್ಷ. ಕತ್ತಿ ಒಪ್ಪುವವರೆಗೆ ಸುಣ್ಣ ಹಾಕುತ್ತಲೇ ಇರಬೇಕು.

ದಿನ ಸುಮಾರು ನಮ್ಮ ಪತ್ತನಾಜೆಯ ಹೊತ್ತಿಗೆ, ಬೇಶದ ಹತ್ತಕ್ಕೆ (ಮೇ ಕೊನೆಯ ಭಾಗ), ಕೋಲ ನೇಮ ಆಟ ಎಲ್ಲ ಮುಗಿದು ಗೆಜ್ಜೆ ಬಿಚ್ಚುವಾಗ. ಅಮ್ಮನಿಗೆ ಇದು ಸರಿಕಾಣಲಿಲ್ಲ, ನಮ್ಮ ಹೊಸವರ್ಷ ಏಪ್ರಿಲಿನ ಬಿಸು. "ಬಿಸು ಕಣಿಗೆ ಕಣ್ಣು ಬಿಡುವಾಗ ದೀಪ, ಕನ್ನಡಿ, ಚಿನ್ನ ಕಾಣಬೇಕು. ನಿನ್ನ ಜನ ಕತ್ತಲೆಗೆ ಕಣ್ಣು ಬಿಡುವುದಾ?" ಹೌದು ಅಮ್ಮ, ಅವರು ಹಾಗೇ. ಆದರೂ ಮಾತು ಕೊರೆಯಿತು, ಕತ್ತಿ ಅದ್ದುವ ಮೊದಲು ಅಲಗಿನಲ್ಲಿ ಮುಖ ನೋಡುವ ಶಾಸ್ತ್ರ ಸೇರಿಸಿದೆ.

ವರ್ಷದ ಕೊನೆ ನೆರಳಿನವರ, ಅಂದರೆ ನೆರಳು ನೋಡುವವರ, ಕೈಯಲ್ಲಿ. ಇಲ್ಲಿ ಸೂರ್ಯ ನೆತ್ತಿಯ ಮೇಲೆ ಬಂದು ನಡುಹಗಲಿನ ನೆರಳು ಮಾಯವಾಗುವುದು ವರ್ಷಕ್ಕೆ ಎರಡು ಸಲ, ಏಪ್ರಿಲ್ ಕೊನೆಯ ಭಾಗದಲ್ಲಿ ಮತ್ತು ಆಗಸ್ಟ್ ಮೂರನೇ ವಾರದ ಸುಮಾರಿಗೆ. ಏಪ್ರಿಲಿನ ನೆರಳಿಲ್ಲದ ಮಧ್ಯಾಹ್ನಕ್ಕೆ ಕೆಂಪು ಮುಗಿಯಿತು. ಅಲ್ಲಿಂದ ಕತ್ತಿಯ ದಿನದವರೆಗೆ ಬರುವುದೆಲ್ಲ 'ಕಿಟ್ಟ' (ಲೋಹ ಕರಗಿಸಿದಾಗ ಉಳಿಯುವ ಕಸದ ಹೆಸರು), ತಾರೀಕಿಲ್ಲದ ದಿನಗಳು. ತುಂಬದೆ ಉಳಿದ ತಿಂಗಳೂ ಕಿಟ್ಟಕ್ಕೇ. ಹಾಗಾಗಿ ಒಂದು ವರ್ಷದಲ್ಲಿ ತಿಂಗಳು ಎಂಟೋ ಒಂಬತ್ತೋ, ಯಾರೂ ಮೊದಲೇ ಹೇಳಲಾರರು. ಈ ಪಂಚಾಂಗವನ್ನು ಮುಂಚಿತವಾಗಿ ಅಚ್ಚು ಹಾಕಲಿಕ್ಕಾಗದು.

ಇಲ್ಲಿಂದ ಕತೆ ತಾನಾಗಿ ಹುಟ್ಟುತ್ತಿದೆ. ಬಡ್ಡಿ ತಿಂಗಳ ಲೆಕ್ಕದಲ್ಲಿ, ಮಳೆಗಾಲದಲ್ಲಿ ತಿಂಗಳೇ ಮುಗಿಯುವುದಿಲ್ಲ. ಸಾಲಗಾರನಿಗೆ ಹಬ್ಬ, ಸಾವುಕಾರನಿಗೆ ಹೊಟ್ಟೆಯುರಿ. ಕ್ಯಾಲೆಂಡರ್ ಹಿಡಿದವರು ಅದನ್ನು ತಿರುಚುವುದೇನೂ ಹೊಸತಲ್ಲ. ರೋಮಿನ ಪುರೋಹಿತರು ಅಧಿಕ ಮಾಸವನ್ನು ತಮಗೆ ಬೇಕಾದಂತೆ ಸೇರಿಸುತ್ತಿದ್ದರು ಎಂಬ ಆರೋಪ ಹಳೆಯದು. ಆ ಗೋಜಲು ಬಿಡಿಸುವಾಗ ಕ್ರಿ.ಪೂ. 46ನೇ ವರ್ಷಕ್ಕೆ 445 ದಿನ ಬಂದಿತ್ತು.

ನನ್ನ ಸಾವುಕಾರ ಚಳಿಗಾಲದ ಸುಟ್ಟ ಹಾಳೆಗಳನ್ನು ಅಟ್ಟದಲ್ಲಿ ಇಟ್ಟುಕೊಂಡು, ಕಪ್ಪು ತಿಂಗಳಲ್ಲಿ ಒಂದೊಂದಾಗಿ ಗೋಳದಡಿಗೆ ಸೇರಿಸುತ್ತಾನೆ. ಸಿಕ್ಕಿಬೀಳುವುದು ನೆರಳಿನವರಿಂದ: ಎರಡು ನೆರಳಿಲ್ಲದ ಮಧ್ಯಾಹ್ನಗಳ ನಡುವೆ ಸೂರ್ಯ ನೆತ್ತಿಯಿಂದ ಬಡಗಣಕ್ಕೆ ಇರುತ್ತಾನೆ, ನಡುಹಗಲಿನ ಸುಟ್ಟ ಗೆರೆ ಹಾಳೆಯ ತೆಂಕು ಬದಿಗೆ ಬೀಳಬೇಕು. ಚಳಿಗಾಲದ ಹಾಳೆಯಲ್ಲಿ ಅದು ಬಡಗು ಬದಿಗೆ ಇರುತ್ತದೆ. ಹಾಳೆಯನ್ನು ತಿರುಗಿಸಿ ಇಟ್ಟರೆ ತಪ್ಪಿಸಿಕೊಳ್ಳಬಹುದು, ಅದಕ್ಕೆ ಹಾಳೆಯ ಬುಡ ಯಾವಾಗಲೂ ಮೂಡಣಕ್ಕೆ ಎಂಬ ಕಟ್ಟಳೆ ಮಾಡಬೇಕು. ಕಾರ್ತೆಲಿನಲ್ಲಿ ಬಿಸಿಲು ಬಿದ್ದರೆ ನಮ್ಮ ಬಾಟ್ಲಿಯಲ್ಲೂ ಇದನ್ನು ನೋಡುವುದಿದೆ.