ನಂಬಿದರೆ ಸಾಕಾ, ಒಳ್ಳೆಯದೂ ಮಾಡಬೇಕಾ?

"ಅಲ್ಲ ಕಣಕ್ಕ, ನಿಮ್ಮಲ್ಲಿ ಏಸಪ್ಪನ್ನ ನಂಬುದ್ರೆ ಸಾಕಂತೆ. ಮಾಡಿದ್ದೆಲ್ಲ ಮಾಫಿಯಂತೆ. ಹಂಗಾದ್ರೆ ಒಳ್ಳೇರಾಗಿ ಯಾಕಿರಬೇಕು?"

ನಮ್ಮ ಮನೆಗೆ ಹಾಲು ಹಾಕುವ ತಮ್ಮ ಹೋದ ತಿಂಗಳು ಗೇಟಿನ ಹತ್ತಿರ ನಿಂತು ಕೇಳಿದ ಪ್ರಶ್ನೆ ಇದು. ಮಂಡ್ಯದಲ್ಲಿ ಇಪ್ಪತ್ತೆರಡು ವರ್ಷದಿಂದ ಟೀಚರ್ ಆಗಿದ್ದೇನೆ. ಸ್ಟಾಫ್ ರೂಮಿನಲ್ಲೂ ಇದನ್ನೇ ಬೇರೆ ಥರ ಕೇಳುತ್ತಾರೆ. "ನಮ್ಮಲ್ಲಿ ಕಾಯಕವೇ ಕೈಲಾಸ ಅಂತಾರೆ ಮೇಡಮ್. ನಿಮ್ಮಲ್ಲಿ ನಂಬಿಕೆಯೇ ಕೈಲಾಸಾನಾ?" ನಮ್ಮ ಚರ್ಚಿನ ಮಕ್ಕಳೂ ಕೇಳುತ್ತಾರೆ, ಆದರೆ ಒಳಗೊಳಗೇ ಹೆದರಿಕೊಂಡು: "ಆಂಟಿ, ನಾನು ಮಾಡ್ತಿರೋದು ಸಾಕಾ?" ನನ್ನನ್ನು ಜಾಸ್ತಿ ಕಾಡುವುದು ಈ ಕೊನೆಯ ಪ್ರಶ್ನೆ.

ಮೊದಲು 'ನಂಬು' ಅನ್ನುವ ಮಾತನ್ನೇ ನೋಡೋಣ. ನಾವು ಅದನ್ನು ಎರಡು ರೀತಿಯಲ್ಲಿ ಬಳಸುತ್ತೇವೆ. "ದೇವರು ಇದ್ದಾನೆ ಅಂತ ನಂಬ್ತೀನಿ" ಅನ್ನುವುದು ಒಂದು. "ನಿನ್ನನ್ನೇ ನಂಬಿಕೊಂಡು ಬಂದಿದ್ದೀನಿ, ಕೈ ಬಿಡಬೇಡ" ಅನ್ನುವುದು ಇನ್ನೊಂದು. ಮೊದಲನೆಯದಕ್ಕೆ ಖರ್ಚಿಲ್ಲ. ಮನೆಯಲ್ಲಿ ಕೂತೇ ನಂಬಬಹುದು. ಎರಡನೆಯದಕ್ಕೆ ಗಂಟುಮೂಟೆ ಕಟ್ಟಿಕೊಂಡು ಹೊರಡಬೇಕು. ಬೈಬಲಿನಲ್ಲಿ ಯಾಕೋಬನ ಪತ್ರ ಮೊದಲನೆಯ ಥರದ ನಂಬಿಕೆಗೆ ಬೆಲೆಯನ್ನೇ ಕೊಡುವುದಿಲ್ಲ. ದೇವರು ಒಬ್ಬನೇ ಅಂತ ದೆವ್ವಗಳೂ ನಂಬುತ್ತವೆ, ನಂಬಿ ನಡುಗುತ್ತವೆ, ಅಷ್ಟರಿಂದ ಏನಾಯಿತು ಅಂತ ಕೇಳುತ್ತದೆ. ಏಸುವನ್ನು ನಂಬುವುದು ಅಂದರೆ ಎರಡನೆಯ ಥರದ್ದು. ಆತನನ್ನೇ ನಂಬಿಕೊಂಡು ಹೊರಡುವುದು.

ನಮ್ಮಪ್ಪನಿಗೆ ನಾಲೆ ಬಯಲಿನಲ್ಲಿ ಅರ್ಧ ಎಕರೆ ಗದ್ದೆ ಇತ್ತು. ನಾಲೆಗೆ ನೀರು ಬಿಡ್ತಾರಂತೆ ಅಂತ ಸುದ್ದಿ ಬಂದರೆ ಸಾಕು, ಮಾರನೆಯ ದಿನವೇ ಗುದ್ದಲಿ ಹಿಡಿದು ಹೋಗಿ ಕಾಲುವೆಯ ಹೂಳು ತೆಗೆಯುತ್ತಿದ್ದರು. ಬದು ಸರಿ ಮಾಡುತ್ತಿದ್ದರು. ಒಟ್ಲಿಗೆ ಬತ್ತ ನೆನೆ ಹಾಕುತ್ತಿದ್ದರು. ಅಪ್ಪ ಗುದ್ದಲಿ ಹಿಡಿದರು ಅಂತ ಕನ್ನಂಬಾಡಿ ತುಂಬಲಿಲ್ಲ. ಕೊಡಗಿನಲ್ಲಿ ಮಳೆ ಹುಯ್ದಿತ್ತು, ತುಂಬಿತು. ಅದರಲ್ಲಿ ಅಪ್ಪನ ಪಾಲು ಏನೂ ಇಲ್ಲ. ಆದರೆ ನೀರು ಬಂದೇ ಬರುತ್ತೆ ಅಂತ ಬಾಯಲ್ಲಿ ಹೇಳುತ್ತಾ ಜಗಲಿ ಮೇಲೆ ಮಲಗಿದವನು ನಿಜವಾಗಿ ನಂಬಿದ್ದನೇ? ನಮ್ಮೂರಲ್ಲಿ ಯಾರೂ ಹಾಗೆ ಅನ್ನುವುದಿಲ್ಲ.

ಕೃಪೆ, ನಂಬಿಕೆ, ಕ್ರಿಯೆ ಅಂತ ಪಾದ್ರಿಗಳು ಹೇಳುವ ಮೂರೂ ನನಗೆ ಅರ್ಥವಾಗಿದ್ದು ಈ ಗದ್ದೆಯಲ್ಲಿ.

ಬೈಬಲಿನಲ್ಲೇ ಜಗಳ ಇದೆಯಲ್ಲ ಅಂತ ಓದಿಕೊಂಡವರು ಹೇಳುತ್ತಾರೆ. ಮೇಲೆ ನೋಡಿದರೆ ಹೌದು. ಮನುಷ್ಯ ನಂಬಿಕೆಯಿಂದಲೇ ದೇವರ ಮುಂದೆ ನೀತಿವಂತ ಅನ್ನಿಸಿಕೊಳ್ಳುತ್ತಾನೆ, ಧರ್ಮಶಾಸ್ತ್ರದ ಕ್ರಿಯೆಗಳಿಂದಲ್ಲ ಅಂತ ಏಸುವಿನ ಸುದ್ದಿ ಸಾರುತ್ತಿದ್ದ ಪೌಲ ರೋಮಾಪುರದವರಿಗೆ ಬರೆದ. ಬರೀ ನಂಬಿಕೆಯಿಂದಲ್ಲ, ಕ್ರಿಯೆಗಳಿಂದಲೂ ಅಂತ ಯಾಕೋಬನ ಪತ್ರ ಹೇಳುತ್ತದೆ. ಇಬ್ಬರೂ ಸಾಕ್ಷಿಗೆ ಕರೆಯುವುದು ಒಬ್ಬನನ್ನೇ, ಯೆಹೂದ್ಯರ ಮೂಲಪುರುಷ ಅಬ್ರಹಾಮನನ್ನು. ಆದರೆ ಇಬ್ಬರೂ ಅವನ ಬದುಕಿನ ಬೇರೆ ಬೇರೆ ದಿನಗಳನ್ನು ತೋರಿಸುತ್ತಾರೆ. ಪೌಲ ತೋರಿಸುವುದು ಬೈಬಲಿನ ಮೊದಲ ಪುಸ್ತಕ ಆದಿಕಾಂಡದ 15ನೇ ಅಧ್ಯಾಯದ ರಾತ್ರಿಯನ್ನು. ಮಕ್ಕಳಿಲ್ಲದ ಮುದುಕ ಆಕಾಶದ ನಕ್ಷತ್ರ ನೋಡಿ ದೇವರ ಮಾತನ್ನು ನಂಬಿದ ರಾತ್ರಿ ಅದು. ಯಾಕೋಬ ತೋರಿಸುವುದು 22ನೇ ಅಧ್ಯಾಯ. ಆ ಹೊತ್ತಿಗೆ ಎಷ್ಟೋ ವರ್ಷ ಕಳೆದಿದೆ, ಮಗ ಇಸಾಕ ಹುಟ್ಟಿ ಬೆಳೆದಿದ್ದಾನೆ. ದೇವರು ಕೇಳಿದ ಅಂತ ಆ ಮಗನನ್ನೇ ಬಲಿ ಕೊಡಲು ಅಬ್ರಹಾಮ ಬೆಟ್ಟ ಹತ್ತುತ್ತಾನೆ, ಕೊನೆ ಗಳಿಗೆಯಲ್ಲಿ ದೇವರೇ ತಡೆಯುತ್ತಾನೆ. ಅಷ್ಟು ವರ್ಷ ನಂಬಿಕೊಂಡು ನಡೆದವನು ಕೊನೆಗೆ ಎಲ್ಲಿಯವರೆಗೆ ಹೋದ ನೋಡಿ ಅಂತ ಯಾಕೋಬ ತೋರಿಸುತ್ತಾನೆ. ಮೊದಲು ನಕ್ಷತ್ರದ ರಾತ್ರಿ, ಆಮೇಲೆ ಬೆಟ್ಟ. ಇದು ತಿರುವುಮುರುವಾದರೆ ಎಲ್ಲ ಕೆಡುತ್ತದೆ.

ಇಬ್ಬರ ಎದುರು ಕೂತ ಜನವೂ ಬೇರೆ. ಸುನ್ನತಿ ಮಾಡಿಸಿಕೊಳ್ಳದ ಹೊರಗಿನವರಿಗೆ ದೇವರ ಮನೆಯಲ್ಲಿ ಜಾಗ ಇಲ್ಲ ಅನ್ನುತ್ತಿದ್ದವರಿಗೆ ಪೌಲ ಉತ್ತರ ಕೊಡುತ್ತಿದ್ದ. ಯಾಕೋಬನ ಎದುರಿಗಿದ್ದವರು ಬಟ್ಟೆಯಿಲ್ಲದೆ, ಊಟವಿಲ್ಲದೆ ಬಂದವರಿಗೆ "ಸಮಾಧಾನವಾಗಿ ಹೋಗು, ಬೆಚ್ಚಗಿರು, ಹೊಟ್ಟೆ ತುಂಬಾ ತಿನ್ನು" ಅಂತ ಬರೀ ಬಾಯಿಮಾತು ಹೇಳಿ ಕಳಿಸುವವರು.

ಆ ಜನ ನನಗೆ ಚೆನ್ನಾಗಿ ಗೊತ್ತು. ಒಂದು ಸಂಜೆ ನಾನೂ ಹಾಗೇ ಮಾಡಿದ್ದೆ.

ನಮ್ಮ ಬೀದಿಯ ಒಬ್ಬ ಅಕ್ಕನ ಗಂಡನನ್ನು ಮೈಸೂರಿನ ದೊಡ್ಡಾಸ್ಪತ್ರೆಗೆ ಸೇರಿಸಿದ್ದರು. ಆ ಸಂಜೆ ನಮ್ಮ ಮನೆಯಲ್ಲಿ ಪ್ರಾರ್ಥನಾ ಕೂಟ. ಚಾಪೆ ಹಾಸಿ, ಹಾಡಿನ ಪುಸ್ತಕ ಹಂಚುತ್ತಿದ್ದೆ. ಆಕೆ ಬಾಗಿಲ ಹತ್ತಿರ ಬಂದು ನಿಂತರು. ಕೈಯಲ್ಲಿ ಒಂದು ಪ್ಲಾಸ್ಟಿಕ್ ಕವರು, ಅದರಲ್ಲಿ ಟವೆಲ್ಲು, ಒಂದು ಲೋಟ. ವಿಷಯ ಹೇಳಿದರು. ನಾನು ಅವರ ಕೈ ಹಿಡಿದು, "ಪ್ರಾರ್ಥನೆ ಮಾಡ್ತೀವಿ ಅಕ್ಕ, ದೇವರು ನೋಡ್ಕೋತಾನೆ" ಅಂದೆ. ಮನಸಾರೆ ಅಂದೆ, ಸುಳ್ಳಲ್ಲ. ಆಕೆ ತಲೆಯಾಡಿಸಿ ಹೋದರು. ಆಗ ಅಡುಗೆ ಮನೆಯಿಂದ ಅಮ್ಮ ಬಂದು, "ಅವಳ ಮಕ್ಕಳು ರಾತ್ರಿ ಎಲ್ಲಿ ಮಲಗ್ತಾವೆ ಕೇಳಿದ್ಯಾ?" ಅಂದರು. ನಾನು ಕೇಳಿರಲಿಲ್ಲ. ಬಸ್ಸಿಗೆ ದುಡ್ಡಿದೆಯಾ ಅಂತಲೂ ಕೇಳಿರಲಿಲ್ಲ. ಅಮ್ಮ ಸೆರಗಿಗೆ ಕೈ ಒರೆಸಿಕೊಳ್ಳುತ್ತಾ ಓಡಿದರು. ಕೂಟ ಶುರುವಾಗುವ ಹೊತ್ತಿಗೆ ಎರಡು ಮಕ್ಕಳು ನಮ್ಮ ಅಡುಗೆ ಮನೆಯಲ್ಲಿ ಮುದ್ದೆ ಉಣ್ಣುತ್ತಿದ್ದವು. ಅಮ್ಮ ಪ್ರಾರ್ಥನೆಗೆ ಬರಲಿಲ್ಲ. ಅವತ್ತು ನಾನು ಹಾಡಿದ ಹಾಡು ಗಂಟಲಲ್ಲೇ ಉಳಿಯಿತು.

ಅಮ್ಮ ಪುಣ್ಯ ಬರಲಿ ಅಂತ ಓಡಿದ್ದಲ್ಲ. ಅವರಿಗೆ ಆ ಲೆಕ್ಕವೇ ಗೊತ್ತಿರಲಿಲ್ಲ. ದೇವರು ತನ್ನನ್ನು ಸಾಕಿದ್ದಾನೆ ಅಂತ ನಂಬಿದ ಹೆಂಗಸು ಇನ್ನೆರಡು ಮಕ್ಕಳಿಗೆ ಮುದ್ದೆ ಹಾಕಿದರು, ಅಷ್ಟೇ.

ಪುಣ್ಯದ ಲೆಕ್ಕ ನಮ್ಮ ಧರ್ಮದಲ್ಲೂ ಒಂದು ಕಾಲದಲ್ಲಿ ತುಂಬಾ ಕೆಟ್ಟಿತ್ತು. ರೋಮಿನ ಸಂತ ಪೇತ್ರರ ದೊಡ್ಡ ಚರ್ಚು ಕಟ್ಟಲು ದುಡ್ಡು ಬೇಕಿತ್ತು. ಪಾಪದ ಶಿಕ್ಷೆ ಕಡಿಮೆಯಾಗುತ್ತೆ ಅಂತ ಜರ್ಮನಿಯ ಬಡವರಿಗೆ ಕ್ಷಮಾಪತ್ರ ಮಾರಿದರು. ಜರ್ಮನಿಯ ಪಾದ್ರಿ ಮಾರ್ಟಿನ್ ಲೂಥರ್ 1517ರಲ್ಲಿ ತಿರುಗಿ ಬಿದ್ದಿದ್ದು ಇದಕ್ಕೇ. ನಂಬಿಕೆ ಒಂದೇ ಸಾಕು ಅಂತ ಅವರು ಹೇಳಿದ್ದು ಹೆದರಿದ ಜನರ ಎದೆಯ ಭಾರ ಇಳಿಸಲು. ಯಾಕೋಬನ ಪತ್ರವನ್ನು ಹುಲ್ಲಿನಂಥ ಪತ್ರ ಅಂತ 1522ರಲ್ಲಿ ಅವರು ಕರೆದರು. ಅದು ನನಗೆ ಒಪ್ಪಿಗೆಯಿಲ್ಲ. ಆದರೆ ಅದೇ ವರ್ಷ ರೋಮಾಪುರದ ಪತ್ರಕ್ಕೆ ಬರೆದ ಮುನ್ನುಡಿಯಲ್ಲಿ ಅವರೇ ಹೇಳಿದ್ದಾರೆ: ನಂಬಿಕೆ ಜೀವಂತವಾದದ್ದು, ಸುಮ್ನೆ ಕೂರದ್ದು. ಬೆಂಕಿಯಿಂದ ಬಿಸಿಯನ್ನೂ ಬೆಳಕನ್ನೂ ಬೇರೆ ಮಾಡಲು ಹೇಗೆ ಆಗುವುದಿಲ್ಲವೋ ಹಾಗೆ ನಂಬಿಕೆಯಿಂದ ಒಳ್ಳೆಯ ಕೆಲಸವನ್ನು ಬೇರೆ ಮಾಡಲು ಆಗುವುದಿಲ್ಲ.

ಈ ಮುನ್ನುಡಿಗೂ ಮೈಸೂರಿಗೂ ಒಂದು ನಂಟಿದೆ. 1738ರ ಮೇ 24ರ ರಾತ್ರಿ ಲಂಡನ್ನಿನ ಒಂದು ಕೂಟದಲ್ಲಿ ಯಾರೋ ಇದನ್ನು ಓದುತ್ತಿದ್ದರು. ಕೇಳುತ್ತಾ ಕೂತಿದ್ದ ಇಂಗ್ಲೆಂಡಿನ ಪಾದ್ರಿ ಜಾನ್ ವೆಸ್ಲಿಯ ಎದೆ ಬೆಚ್ಚಗಾಯಿತು. ಅಲ್ಲಿಯವರೆಗೆ ಉಪವಾಸ, ಜೈಲಿನವರ ಸೇವೆ, ದಾನ ಎಲ್ಲ ಮಾಡುತ್ತಿದ್ದರೂ ಅವರಿಗೆ ನೆಮ್ಮದಿ ಇರಲಿಲ್ಲ. ತನ್ನನ್ನೂ ದೇವರು ಕ್ಷಮಿಸಿದ್ದಾನೆ ಅನ್ನುವ ನಂಬಿಕೆ ಅವತ್ತು ಬಂತು. ಇನ್ನು ಮಾಡುವುದೇನಿದೆ ಅಂತ ಕೈ ಕಟ್ಟಿ ಕೂತರಾ? ಇಲ್ಲ. 1785ರ ಜನವರಿಯಲ್ಲಿ, 81ನೇ ವಯಸ್ಸಿನಲ್ಲಿ, ಕರಗುವ ಹಿಮದಲ್ಲಿ ಕಾಲು ಹೂತು ಐದು ದಿನ ಲಂಡನ್ನಿನ ಬೀದಿ ಸುತ್ತಿದರು. ಬಡವರಿಗೆ ಬಟ್ಟೆ ಕೊಡಿಸಲು 200 ಪೌಂಡ್ ಬೇಡಿ ತಂದರು. ಸಾಯುವ ಸುಮಾರು ಒಂದು ವಾರ ಮುಂಚೆ ಬರೆದ ಕಾಗದ ಗುಲಾಮರ ವ್ಯಾಪಾರದ ವಿರುದ್ಧ ಹೋರಾಡುತ್ತಿದ್ದ ವಿಲ್ಬರ್‌ಫೋರ್ಸರಿಗೆ. ಮೈಸೂರಿನಲ್ಲಿ ಜನ ಮಿಷನ್ ಆಸ್ಪತ್ರೆ ಅಂತ ಕರೆಯುವ ಹೋಲ್ಡ್ಸ್‌ವರ್ತ್ ಆಸ್ಪತ್ರೆಯನ್ನು 1906ರಲ್ಲಿ ಶುರು ಮಾಡಿದವರು ಇದೇ ವೆಸ್ಲಿಯ ಹಾದಿಯವರು. ನಾನು ಹುಟ್ಟಿದ್ದು ಅಲ್ಲೇ.

ಕ್ಯಾಥೊಲಿಕರ ಮೇಲೆ ಒಂದು ತಪ್ಪು ಮಾತಿದೆ, ಅವರು ಪುಣ್ಯ ಕೊಟ್ಟು ಸ್ವರ್ಗ ಕೊಳ್ಳುತ್ತಾರೆ ಅಂತ. ಹಾಗಿಲ್ಲ. ಎಲ್ಲ ಶುರುವಾಗುವುದು ದೇವರ ಕೃಪೆಯಿಂದ, ಅದನ್ನು ಯಾರೂ ದುಡಿದು ಪಡೆಯಲಾರರು ಅಂತ ಅವರ ಟ್ರೆಂಟ್ ಮಹಾಸಭೆ 1547ರಲ್ಲೇ ಹೇಳಿದೆ. 1999ರ ಅಕ್ಟೋಬರ್ 31ರಂದು ಲೂಥರನ್ನರೂ ಕ್ಯಾಥೊಲಿಕರೂ ಜರ್ಮನಿಯ ಆಗ್ಸ್‌ಬರ್ಗಿನಲ್ಲಿ ಕೂತು, ಈ ವಿಷಯದ ಮುಖ್ಯ ಮಾತುಗಳಲ್ಲಿ ನಾವು ಒಂದೇ ಅಂತ ಸಹಿ ಹಾಕಿದರು. 2006ರಲ್ಲಿ ವೆಸ್ಲಿಯ ಹಾದಿಯ ಮೆಥೊಡಿಸ್ಟರೂ ಸೇರಿದರು. ಸುಮಾರು 500 ವರ್ಷದ ಜಗಳ ಇಷ್ಟಾದರೂ ತಣ್ಣಗಾಗಿದೆ ಅನ್ನುವುದು ನನಗೆ ದೊಡ್ಡ ಸಂತೋಷ.

ನನಗೆ ಬೇಸರವಿರುವುದು ನಮ್ಮವರ ಮೇಲೆ. ಎಫೆಸದವರಿಗೆ ಬರೆದ ಪತ್ರದ 2ನೇ ಅಧ್ಯಾಯದ 8, 9ನೇ ವಚನ ನಮ್ಮಲ್ಲಿ ಎಲ್ಲರಿಗೂ ಬಾಯಿಪಾಠ. ಕೃಪೆಯಿಂದ, ನಂಬಿಕೆಯ ಮೂಲಕ ರಕ್ಷಣೆ, ಅದು ದೇವರ ವರ, ಕ್ರಿಯೆಗಳಿಂದ ಬಂದದ್ದಲ್ಲ, ಯಾರೂ ಜಂಬ ಪಡಬಾರದು. ಗೋಡೆಯ ಕ್ಯಾಲೆಂಡರಿನಲ್ಲೂ ಅಷ್ಟೇ ಇರುತ್ತದೆ. 10ನೇ ವಚನಕ್ಕೆ ಬರುವ ಹೊತ್ತಿಗೆ ನಾವು ಪುಸ್ತಕ ಮುಚ್ಚಿರುತ್ತೇವೆ. ಒಳ್ಳೆಯ ಕೆಲಸ ಮಾಡುವುದಕ್ಕೆ ಅಂತಲೇ ದೇವರು ನಮ್ಮನ್ನು ಹೊಸದಾಗಿ ಮಾಡಿದ್ದಾನೆ ಅಂತ ಅಲ್ಲಿದೆ.

"ನಿಮ್ಮೋರು ಒಳ್ಳೇದು ಮಾಡೋದು ಮತಕ್ಕೆ ಸೇರಿಸೋಕಲ್ವಾ?" ಅಂತಲೂ ಕೇಳುತ್ತಾರೆ. ಕೇಳುವುದರಲ್ಲಿ ತಪ್ಪಿಲ್ಲ. ಹಾಗೆ ಮಾಡಿದವರು ಇದ್ದಾರೆ. ದೇವರಿಂದ ಕೂಲಿ ಬಯಸಿ ಮಾಡಿದ್ದು ಹೇಗೆ ಒಳ್ಳೆಯ ಕೆಲಸವಲ್ಲವೋ, ಮನುಷ್ಯನಿಗೆ ಗಾಳ ಹಾಕಿ ಮಾಡಿದ್ದೂ ಹಾಗೇ. ಇಲ್ಲಿ ನನಗೆ ಶ್ರೀರಂಗಪಟ್ಟಣದ ಗಂಜಾಂನಲ್ಲಿದ್ದ ಫ್ರೆಂಚ್ ಪಾದ್ರಿ ಅಬ್ಬೆ ದುಬಾಯ್ ನೆನಪಾಗುತ್ತಾರೆ. ಜನ ಅವರನ್ನು ದೊಡ್ಡ ಸ್ವಾಮಿಯೋರು ಅನ್ನುತ್ತಿದ್ದರು. ಅವರ ಪುಸ್ತಕದಲ್ಲಿ ನಮ್ಮ ಜನರ ಬಗ್ಗೆ ಒರಟು ಮಾತುಗಳಿವೆ, ಓದಿದರೆ ನೋವಾಗುತ್ತದೆ. ಆದರೆ 19ನೇ ಶತಮಾನದ ಶುರುವಿನಲ್ಲಿ, ಸಿಡುಬಿಗೆ ಊರೂರೇ ಖಾಲಿಯಾಗುತ್ತಿದ್ದ ಕಾಲದಲ್ಲಿ, ಹಳ್ಳಿಹಳ್ಳಿಗೆ ಲಸಿಕೆ ತಲುಪಿಸಲು ದುಡಿದವರೂ ಅವರೇ. ಇಲ್ಲಿ ಮೂವತ್ತು ವರ್ಷ ಕಳೆದ ಮೇಲೆ, ಜನರನ್ನು ನಿಜವಾದ ಕ್ರೈಸ್ತರನ್ನಾಗಿ ಮಾಡಲು ತನ್ನಿಂದ ಆಗಲಿಲ್ಲ ಅಂತ 1823ರಲ್ಲಿ ಅಚ್ಚಾದ ಪತ್ರಗಳಲ್ಲಿ ಬರೆದರು. ಲಸಿಕೆಯಿಂದ ಉಳಿದ ಮಕ್ಕಳು ಮಾತ್ರ ಉಳಿದರು.

"ಹಾಗಾದ್ರೆ ಗಾಂಧೀಜಿ ಎಲ್ಲಿಗೆ ಹೋದ್ರು ಮೇಡಮ್?" ಅಂತ ಒಬ್ಬ ಹುಡುಗ ಕ್ಲಾಸಿನಲ್ಲೇ ಕೇಳಿದ್ದ. ತೀರ್ಪು ಹೇಳುವ ಕುರ್ಚಿ ನನ್ನದಲ್ಲ ಅಂದೆ. ಮತ್ತಾಯನ 25ನೇ ಅಧ್ಯಾಯದಲ್ಲಿ ಏಸುವೇ ಆ ಕುರ್ಚಿಯಲ್ಲಿ ಕೂತಿರುವ ಚಿತ್ರ ಇದೆ. ಹಸಿದಿದ್ದೆ, ಊಟ ಕೊಟ್ಟಿರಿ ಅಂತ ಆತ ಹೇಳಿದಾಗ ಬಲಗಡೆಯವರು ಗಾಬರಿಯಾಗಿ, "ಯಾವಾಗ ಕೊಟ್ಟೆವು ಸ್ವಾಮಿ?" ಅಂತಾರೆ. ಅವರು ಬರೆದಿಟ್ಟುಕೊಂಡಿರಲಿಲ್ಲ. ನಾನು ಎಷ್ಟೋ ಸಲ ಅಲ್ಲೇ ನಿಂತುಬಿಡುತ್ತೇನೆ. ಅಮ್ಮನನ್ನು ಕೇಳಿದರೂ ಹೀಗೇ ಅನ್ನುತ್ತಿದ್ದರು, ಯಾವ ಮಕ್ಕಳು, ಯಾವ ಮುದ್ದೆ ಅಂತ.

"ನಾನು ಮಾಡ್ತಿರೋದು ಸಾಕಾ?" ಅಂತ ಕಳೆದ ಭಾನುವಾರ ಮತ್ತೆ ಕೇಳಿದಳು ನಮ್ಮ ಚರ್ಚಿನ ಹುಡುಗಿ. ಪಿಯುಸಿ ಓದುತ್ತಿದ್ದಾಳೆ, ಎಲ್ಲದಕ್ಕೂ ಹೆದರುತ್ತಾಳೆ. ಏಸುವಿನ ಪಕ್ಕದ ಶಿಲುಬೆಯಲ್ಲಿದ್ದ ಕಳ್ಳನ ಕಥೆ ನೆನಪಿಸಿದೆ. ಅವನಿಗೆ ಒಂದು ಒಳ್ಳೆಯ ಕೆಲಸ ಮಾಡಲೂ ಹೊತ್ತಿರಲಿಲ್ಲ, ಕೈಗೆ ಮೊಳೆ ಬಿದ್ದಿತ್ತು. ನನ್ನನ್ನು ನೆನಪಿಟ್ಟುಕೋ ಅಂದ, ಅಷ್ಟಕ್ಕೇ ಜಾಗ ಸಿಕ್ಕಿತು. ಸುಂಕ ವಸೂಲಿಯಲ್ಲಿ ದುಡ್ಡು ಮಾಡಿದ್ದ ಜಕ್ಕಾಯನ ಕಥೆಯನ್ನೂ ಹೇಳಿದೆ. ಏಸು ಮನೆಗೆ ಬಂದ ಖುಷಿಗೆ ಅರ್ಧ ಆಸ್ತಿ ಬಡವರಿಗೆ, ಮೋಸ ಹೋದವರಿಗೆ ನಾಲ್ಕರಷ್ಟು ವಾಪಸ್ ಅಂತ ಎದ್ದು ನಿಂತವನು. ಏಸು ಅವನ ಮನೆಗೆ ಬರುತ್ತೇನೆ ಅಂದಿದ್ದು ಅವನು ದುಡ್ಡು ಕೊಡುವ ಮೊದಲು.

"ಅಂದ್ರೆ ಸಾಕಾ ಆಂಟಿ?"

"ನಿಂದೂ ಸಾಕಾಗಲ್ಲ ಮಗಳೇ, ನಂದೂ ಸಾಕಾಗಲ್ಲ. ಸಾಕಾಗ್ಬೇಕು ಅಂತ ಅವನು ಕಾಯ್ತಾ ಕೂತಿಲ್ಲ."

ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ, ಮನೆಯಿಂದ ಹೊರಗೆ ಬರಲಾಗದ ಪಕ್ಕದ ಬೀದಿಯ ಅಜ್ಜಿಗೆ ಯಾರು ಊಟ ತಗೊಂಡು ಹೋಗ್ತಾರೆ ಅಂತ ಕೇಳಿದಳು. ಕ್ಯಾರಿಯರ್ ಕೊಟ್ಟೆ.