ನಿದ್ದೆ, ಮೂರ್ಛೆ ಮತ್ತು ಭಾಷ್ಯದ ಒಂದು ಸೂತ್ರ

ಹೋದ ವರ್ಷ ಶ್ರಾವಣದಲ್ಲಿ ಹುಬ್ಬಳ್ಳಿಯ ಆಸ್ಪತ್ರೆಯೊಂದರಲ್ಲಿ ಅಪ್ಪನಿಗೆ ಪಿತ್ತಕೋಶದ ಶಸ್ತ್ರಚಿಕಿತ್ಸೆಯಾಯಿತು. ಅರಿವಳಿಕೆಯ ಅಮಲು ಇಳಿದು ಕಣ್ಣು ಬಿಟ್ಟವರೇ ಅವರು ಕೇಳಿದ್ದು, "ಯಾವಾಗ ಒಳಗ ಒಯ್ತಾರಂತೋ ತಮ್ಮಾ?" ಎಂದು. ಒಳಗೆ ಒಯ್ದು, ಮುಗಿಸಿ, ಹೊರಗೆ ತರುವಷ್ಟರಲ್ಲಿ ಮೂರು ತಾಸು ಕಳೆದಿದ್ದವು. ಅವರ ಲೆಕ್ಕದಲ್ಲಿ ಆ ಮೂರು ತಾಸು ಇರಲೇ ಇಲ್ಲ. ಮರುದಿನ ಬೆಳಿಗ್ಗೆ ಎದ್ದಾಗ ಮಾತ್ರ, "ರಾತ್ರಿ ಚಲೋ ನಿದ್ದಿ ಹತ್ತಿತ್ತು ನೋಡು" ಎಂದರು.

ಈ ಎರಡು ಮಾತುಗಳ ಅಂತರ ನನ್ನನ್ನು ಹಿಡಿದು ನಿಲ್ಲಿಸಿತು. ಅಪ್ಪ ಸಿದ್ಧಾರೂಢ ಮಠಕ್ಕೆ ನಡೆದುಕೊಳ್ಳುವವರು. 1929ರಲ್ಲಿ ದೇಹ ಬಿಟ್ಟ, ಜೀವ-ಬ್ರಹ್ಮ ಎರಡಲ್ಲ ಎನ್ನುವ ಅದ್ವೈತಿ ಸಿದ್ಧಾರೂಢರ ಹೆಸರೂ ನಿಜಗುಣ ಶಿವಯೋಗಿಗಳ ಪದಗಳೂ ನಮ್ಮ ಮನೆಯಲ್ಲಿ ರೊಟ್ಟಿ ಬಡಿಯುವ ಸಪ್ಪಳದ ಜೊತೆಗೇ ಕೇಳಿಬರುತ್ತಿದ್ದವು. ಅಲ್ಲಿ ಹಲವು ಸಲ ಕೇಳಿದ ವಾದ ಇದು: ಗಾಢನಿದ್ರೆಯಿಂದ ಎದ್ದವನು "ಸುಖವಾಗಿ ಮಲಗಿದ್ದೆ, ಏನೂ ತಿಳಿಯಲಿಲ್ಲ" ಎನ್ನುತ್ತಾನೆ; ಏನೂ ತಿಳಿಯಲಿಲ್ಲ ಎಂಬುದು ನೆನಪಾಗಬೇಕಾದರೆ ಆಗ ಅದನ್ನು ಕಂಡ ಸಾಕ್ಷಿಯೊಂದು ಇದ್ದಿರಲೇಬೇಕು. ನೈಯಾಯಿಕರು, ಅಂದರೆ ನ್ಯಾಯದರ್ಶನದ ತಾರ್ಕಿಕರು, ಇದಕ್ಕೆ ಒಪ್ಪುವುದಿಲ್ಲ. ಅದು ನೆನಪಲ್ಲ, ಎದ್ದ ಮೇಲೆ ತರ್ಕದಿಂದ ಮಾಡಿಕೊಂಡ ಊಹೆ ಎನ್ನುತ್ತಾರೆ. ನಾನು ಬಹಳ ಕಾಲ ಅದ್ವೈತಿಗಳ ಕಡೆಗೇ ವಾಲಿದ್ದೆ. ಆದರೆ ಸಾಕ್ಷಿ ಎಂದೂ ತಪ್ಪದೆ ಇರುವಂಥದ್ದಾದರೆ, ಅರಿವಳಿಕೆಯಿಂದ ಎದ್ದ ಅಪ್ಪ "ಏನೂ ತಿಳಿಯಲಿಲ್ಲ" ಎಂದು ಕೂಡ ಏಕೆ ಹೇಳಲಿಲ್ಲ?

ಹುಡುಕುತ್ತ ಹೋದಾಗ ವೇದಾಂತದ ಮೂಲಗ್ರಂಥವಾದ ಬ್ರಹ್ಮಸೂತ್ರದ ಮೂರನೆಯ ಅಧ್ಯಾಯ, ಎರಡನೆಯ ಪಾದದ ಹತ್ತನೆಯ ಸೂತ್ರ ಸಿಕ್ಕಿತು: "ಮುಗ್ಧೇಽರ್ಧಸಂಪತ್ತಿಃ ಪರಿಶೇಷಾತ್". ಮುಗ್ಧ ಎಂದರೆ ಇಲ್ಲಿ ಮೂರ್ಛೆ ಹೋದವನು; ಅವನದು ಅರ್ಧಸಂಪತ್ತಿ, ಅಂದರೆ ಅರ್ಧ ಕೂಡಿಕೆ, ಬೇರೆಲ್ಲ ತಳ್ಳಿಹಾಕಿದಾಗ ಉಳಿಯುವುದು ಅದೇ ಎಂದು ಸೂತ್ರದ ಅರ್ಥ. ಮೂರ್ಛೆಯನ್ನು ನಿದ್ದೆಯಿಂದ ಬೇರ್ಪಡಿಸಲು ಇದಕ್ಕೆ ಭಾಷ್ಯ ಬರೆದ ಶಂಕರರು ಶ್ರುತಿಯನ್ನು, ಅಂದರೆ ವೇದವಾಕ್ಯವನ್ನು, ಮುಂದಿಡುವುದಿಲ್ಲ, ಮಲಗಿದವನ ಮುಖವನ್ನು ನೋಡುತ್ತಾರೆ. ನಿದ್ರಿಸುವವನ ಮುಖ ಪ್ರಸನ್ನವಾಗಿರುತ್ತದೆ, ಉಸಿರು ಒಂದೇ ಸಮನೆ ಆಡುತ್ತದೆ, ಕಣ್ಣು ಮುಚ್ಚಿರುತ್ತದೆ. ಮೂರ್ಛಿತನು ಎಷ್ಟೋ ಹೊತ್ತು ಉಸಿರಾಡುವುದಿಲ್ಲ, ಮೈ ನಡುಗುತ್ತದೆ, ಮುಖ ಭಯಂಕರವಾಗಿ ಕಣ್ಣು ಅಗಲವಾಗಿರುತ್ತದೆ. ಮಲಗಿದವನನ್ನು ಕೈ ತಾಗಿಸಿ ಎಬ್ಬಿಸಬಹುದು; ಮೂರ್ಛೆ ಹೋದವನು ಮುದ್ಗರದ, ಅಂದರೆ ಗದೆಯಂಥ ಆಯುಧದ, ಪೆಟ್ಟಿಗೂ ಏಳುವುದಿಲ್ಲ. ಕಾರಣಗಳೂ ಬೇರೆ: ನಿದ್ದೆಗೆ ದಣಿವು, ಮೂರ್ಛೆಗೆ ಪೆಟ್ಟು. ಉಳಿದ ಅವಸ್ಥೆಗಳನ್ನೆಲ್ಲ ಹೀಗೆ ತಳ್ಳಿಹಾಕಿ, ಜೀವನು ಬ್ರಹ್ಮದೊಡನೆ ಅರ್ಧ ಕೂಡುತ್ತಾನೆ ಎಂದಲ್ಲ, ಮೂರ್ಛೆ ಅರ್ಧ ಗಾಢನಿದ್ರೆಯ ಕಡೆಗೆ, ಅರ್ಧ ಬೇರೆ ಅವಸ್ಥೆಯ ಕಡೆಗೆ ಸೇರಿದ್ದು ಎಂದು ಮುಗಿಸುತ್ತಾರೆ. ಲೋಕದಲ್ಲೂ ಆಯುರ್ವೇದದಲ್ಲೂ ಇದು ಗೊತ್ತಿರುವ ಸ್ಥಿತಿಯೇ ಎಂಬ ಮಾತನ್ನೂ ಸೇರಿಸುತ್ತಾರೆ. 

ಆದರೂ ನನ್ನ ಪ್ರಶ್ನೆಗೆ ಉತ್ತರ ಸಿಗಲಿಲ್ಲ. ಅರ್ಧಸಂಪತ್ತಿ ಎಂಬುದು ಮೂರ್ಛೆಗೆ ಒಂದು ಸ್ಥಾನ ಗೊತ್ತುಮಾಡುತ್ತದೆ. ಅಲ್ಲಿ ಸಾಕ್ಷಿ ಇತ್ತೆಂಬುದನ್ನು ತೋರಿಸುವುದಿಲ್ಲ. ನೆನಪು ಉಳಿಯಲು ಮನಸ್ಸಿನಲ್ಲಿ ಸಂಸ್ಕಾರ, ಅಂದರೆ ಅನುಭವದ ಅಚ್ಚು, ಬೇಕು, ಸಂಸ್ಕಾರವಿಲ್ಲದ ಮಾತ್ರಕ್ಕೆ ಅರಿವಿರಲಿಲ್ಲ ಎನ್ನಲಾಗದು ಎಂದು ಅದ್ವೈತಿ ಹೇಳಬಹುದು, ಅದು ತರ್ಕಬದ್ಧವೂ ಹೌದು. ಆದರೆ ನೆನಪಿದ್ದರೂ ಸಾಕ್ಷಿ ಇತ್ತು, ಇಲ್ಲದಿದ್ದರೂ ಇತ್ತು ಎನ್ನುವುದಾದರೆ ನಿದ್ದೆಯ ವಿಷಯದಲ್ಲಿ ನೆನಪನ್ನೇ ಪುರಾವೆಯಾಗಿ ಮುಂದಿಟ್ಟದ್ದರ ಬಲವೆಷ್ಟು? ಹೀಗೆ ಕೇಳುವುದು ಅಧಿಕಪ್ರಸಂಗವೆಂದು ನನಗನಿಸುವುದಿಲ್ಲ. ಬೆಂಕಿ ತಣ್ಣಗಿದೆ ಎಂದು ನೂರು ಶ್ರುತಿಗಳು ಹೇಳಿದರೂ ಅವು ಪ್ರಮಾಣವಾಗವು ಎಂದು ಗೀತೆಯ ಹದಿನೆಂಟನೆಯ ಅಧ್ಯಾಯದ ಭಾಷ್ಯದಲ್ಲಿ ಬರೆದವರೂ ಶಂಕರರೇ.

ಇಷ್ಟನ್ನೂ ಅಪ್ಪನಿಗೆ ಓದಿ ಹೇಳಿದೆ. ಕಣ್ಣು ಮುಚ್ಚಿ ಕೇಳುತ್ತಿದ್ದವರು ಮುದ್ಗರದ ಮಾತು ಬಂದಾಗ ಹೊಟ್ಟೆಯ ಹೊಲಿಗೆಯ ಮೇಲೆ ಕೈಯಿಟ್ಟುಕೊಂಡು ನಕ್ಕರು: "ನನಗ ಚಾಕುಲೇ ಕೊಯ್ದರೂ ಎಚ್ಚರ ಆಗಲಿಲ್ಲ, ಬರಕೋ ಅದನ್ನೂ."