ಸಿನಿಮಾ ರೋಬೋಟ್‌ಗೆ ಕಣ್ಣಿದೆ, ನಮ್ಮ ಲೈನಿನದಕ್ಕಿಲ್ಲ

ವಾಹನಗಳ ಬಿಡಿಭಾಗ ಮಾಡುವ ಕಾರ್ಖಾನೆಯಲ್ಲಿ ವೆಲ್ಡಿಂಗ್ ರೋಬೋಟ್‌ಗಳನ್ನು ನೋಡಿಕೊಳ್ಳುವುದು ನನ್ನ ಕೆಲಸ. ಹೊಸ ಟ್ರೈನಿಗಳಿಗೆ ಮೊದಲ ಪಾಠ ಹೇಳುವವನೂ ನಾನೇ. ಅವರಲ್ಲಿ ಹೆಚ್ಚಿನವರು ರೋಬೋಟನ್ನು ಅಲ್ಲಿಯವರೆಗೆ ನೋಡಿರುವುದು ಸಿನಿಮಾದಲ್ಲಿ ಮಾತ್ರ. ಅಲ್ಲಿ ಕಲಿತದ್ದನ್ನು ಬಿಡಿಸುವುದಕ್ಕೇ ನನಗೆ ಜಾಸ್ತಿ ಹೊತ್ತು ಹಿಡಿಯುತ್ತದೆ.

ಅವರಿಗೆ ಭಯ ಇರುತ್ತದೆ, ಇಲ್ಲ ಅಂತಲ್ಲ. ಆದರೆ ಹೆದರಬೇಕಾದ್ದಕ್ಕೆ ಹೆದರುವುದಿಲ್ಲ. ತೆರೆಯ ಮೇಲಿನ ರೋಬೋಟ್‌ಗೆ ಕಣ್ಣು ಇದ್ದೇ ಇರುತ್ತದೆ. 1968ರ ‘2001: ಎ ಸ್ಪೇಸ್ ಒಡಿಸ್ಸಿ’ಯಲ್ಲಿ ಬಾಹ್ಯಾಕಾಶ ನೌಕೆಯ ಕಂಪ್ಯೂಟರ್ ಹ್ಯಾಲ್‌ಗೆ ಕೈಕಾಲಿಲ್ಲ, ಆದರೂ ಕೆಂಪು ಕಣ್ಣಿದೆ. 2008ರ ಸಿನಿಮಾದ ಪುಟ್ಟ ರೋಬೋಟ್ ವಾಲ್-ಈಗೆ ಬೈನಾಕ್ಯುಲರ್‌ನಂಥ ಕಣ್ಣು. ಇದು ಸಿನಿಮಾದವರ ಜಾಣತನ, ನನಗೂ ಇಷ್ಟವೇ. ಯಂತ್ರದ ಮನಸ್ಸಿನಲ್ಲಿ ಏನಿದೆ ಅಂತ ನೋಡುವವರಿಗೆ ತಿಳಿಯಬೇಕಲ್ವಾ? 2010ರ ‘ಎಂದಿರನ್’ನಲ್ಲಿ ಕೆಂಪು ಚಿಪ್ ಹಾಕಿದರೆ ರೋಬೋಟ್ ಚಿಟ್ಟಿ ಕೆಟ್ಟವನು, ತೆಗೆದರೆ ಒಳ್ಳೆಯವನು.

ನಮ್ಮ ಲೈನಿನ ರೋಬೋಟ್ ಅಂದರೆ ಒಂದು ತೋಳು, ಅದಕ್ಕೆ ಕಣ್ಣೂ ಇಲ್ಲ, ದ್ವೇಷವೂ ಇಲ್ಲ. ಬಿಡಿಭಾಗವನ್ನು ಹಿಡಿದಿಡುವ ಕ್ಲ್ಯಾಂಪ್ ಮುಚ್ಚಿತು ಅಂತ ಸೆನ್ಸರ್ ಹೇಳುವವರೆಗೆ ಅದು ಕದಲದೆ ಇರುತ್ತದೆ. ಸಿಗ್ನಲ್ ಬಂತೋ, ಪೂರ್ತಿ ವೇಗದಲ್ಲಿ ಹೊರಡುತ್ತದೆ. ದಾರಿಯಲ್ಲಿ ಮನುಷ್ಯ ಇದ್ದರೆ ಅದಕ್ಕೆ ಗೊತ್ತಾಗುವುದಿಲ್ಲ.

ಒಬ್ಬ ಟ್ರೈನಿ ಹುಡುಗ ಕೆಳಗೆ ಬಿದ್ದ ಬ್ರಾಕೆಟ್ ತೆಗೆಯಲು ರೋಬೋಟ್ ಸುತ್ತಲಿನ ಬೇಲಿ ಹತ್ತಿದ್ದ. ಕೂಗಿ ಇಳಿಸಿದೆ. “ನಿಂತೇ ಇದೆಯಲ್ಲಾ ಸರ್” ಅಂದ. ಅದು ಕ್ಲ್ಯಾಂಪ್ ಸಿಗ್ನಲ್‌ಗೆ ಕಾಯುತ್ತಿತ್ತು. 1979ರ ಜನವರಿಯಲ್ಲಿ ಅಮೆರಿಕದ ಮಿಷಿಗನ್‌ನ ಎರಕದ ಕಾರ್ಖಾನೆಯೊಂದರಲ್ಲಿ 25 ವರ್ಷದ ಕೆಲಸಗಾರ ಭಾಗ ತೆಗೆಯಲು ರ‍್ಯಾಕ್ ಹತ್ತಿದ್ದಾಗ ಯಂತ್ರದ ತೋಳು ಬಡಿದು ಸತ್ತ. ರೋಬೋಟ್‌ನಿಂದ ಆದ ಮೊದಲ ಸಾವು ಅಂತ ಅದನ್ನೇ ಹೇಳುತ್ತಾರೆ.

ಈಗ ನಾನು ‘ದಿ ಟರ್ಮಿನೇಟರ್’ನ ಕೊನೆಯ ಭಾಗದ ಬಗ್ಗೆ ಮಾತಾಡುತ್ತೇನೆ. 1984ರ ಸಿನಿಮಾ, ಹೆಚ್ಚಿನವರು ನೋಡಿರುತ್ತಾರೆ. ಕೊಲ್ಲಲು ಬಂದ ರೋಬೋಟ್‌ನಿಂದ ತಪ್ಪಿಸಿಕೊಂಡು ಓಡುತ್ತಾ ನಾಯಕ, ನಾಯಕಿ ಇಬ್ಬರೂ ಕಾರ್ಖಾನೆಯೊಳಗೆ ನುಗ್ಗುತ್ತಾರೆ. ಬೆನ್ನಟ್ಟಿದವನಿಗೆ ಸುಳಿವು ಸಿಗದಿರಲಿ ಅಂತ ನಾಯಕ ಅಲ್ಲಿನ ಯಂತ್ರಗಳನ್ನೆಲ್ಲ ಚಾಲೂ ಮಾಡುತ್ತಾನೆ. ಅಲ್ಲಿ ಅಪಾಯ ಯಾವುದು ಅಂತ ಕೇಳಿದರೆ ಎಲ್ಲರೂ ಆ ರೋಬೋಟ್‌ನ ಉಕ್ಕಿನ ಅಸ್ಥಿಪಂಜರ ಅನ್ನುತ್ತಾರೆ. ಅಕ್ಕಪಕ್ಕದಲ್ಲಿ ತಮ್ಮ ಪಾಡಿಗೆ ಆಡುತ್ತಿರುವ ಯಂತ್ರಗಳು ಯಾರಿಗೂ ನೆನಪಿರುವುದಿಲ್ಲ. ನಾವು ದಿನಾ ಕೆಲಸ ಮಾಡುವುದು ಅಂಥವುಗಳ ಜೊತೆ. ಅಸ್ಥಿಪಂಜರ ಪ್ರೆಸ್ಸಿಗೆ ಸಿಕ್ಕಿ ಅಪ್ಪಚ್ಚಿಯಾದಾಗ ಅದರ ಕೆಂಪು ಕಣ್ಣು ಆರುತ್ತದೆ. ಸತ್ತಿತು ಅಂತ ನಮಗೆ ಖಾತ್ರಿ.

ನಮ್ಮಲ್ಲಿ ದೀಪ ಆರಿದೆ ಅಂತ ನಂಬುವ ಹಾಗಿಲ್ಲ, ಬಲ್ಬ್ ಹೋಗಿರಬಹುದು. ಬೇಲಿಯೊಳಗೆ ಹೋಗುವ ಮೊದಲು ಮೇನ್ ಸ್ವಿಚ್ ಆಫ್ ಮಾಡಿ, ಬೀಗ ಹಾಕಿ, ಕೀಲಿ ಜೇಬಿಗೆ. ಇಬ್ಬರು ಹೋದರೆ ಎರಡು ಬೀಗ.

ರೋಬೋಟ್‌ಗೆ ಪ್ರೋಗ್ರಾಂ ಕಲಿಸುವಾಗ ಮಾತ್ರ ಕರೆಂಟ್ ಇರಬೇಕು. ಆಗ ವೇಗ ಸೆಕೆಂಡಿಗೆ 250 ಮಿಲಿಮೀಟರ್ ದಾಟದಂತೆ ಕಟ್ಟಿಹಾಕಿರುತ್ತಾರೆ. ರೋಬೋಟನ್ನು ಆಡಿಸಲು ಕೈಯಲ್ಲಿ ಹಿಡಿಯುವ ಪೆಂಡೆಂಟ್‌ನ ಹಿಂದೆ ಒಂದು ಸ್ವಿಚ್ ಇದೆ. ಹದವಾಗಿ ಒತ್ತಿದ್ದರೆ ಮಾತ್ರ ರೋಬೋಟ್ ಚಲಿಸುತ್ತದೆ. ಕೈಬಿಟ್ಟರೆ ನಿಲ್ಲುತ್ತದೆ, ಗಾಬರಿಯಲ್ಲಿ ಗಟ್ಟಿಯಾಗಿ ಹಿಸುಕಿದರೂ ನಿಲ್ಲುತ್ತದೆ. ಹೆದರಿದಾಗ ಕೆಲವರ ಕೈ ಸಡಿಲವಾಗುತ್ತದೆ, ಕೆಲವರದು ಬಿಗಿಯಾಗುತ್ತದೆ ಅಂತ ಅದನ್ನು ಮಾಡಿದವರು ಯೋಚಿಸಿದ್ದಾರೆ. ಇಡೀ ಯಂತ್ರದಲ್ಲಿ ನನಗೆ ಅತಿ ಇಷ್ಟದ ಭಾಗ ಅದು. ಟ್ರೈನಿಗಳಿಗೆ ಪೆಂಡೆಂಟ್ ಕೊಟ್ಟು ಮೊದಲು ಬಿಡಿಸುತ್ತೇನೆ, ಹಿಸುಕಿಸುತ್ತೇನೆ. ಪ್ರೋಗ್ರಾಂ ಆಮೇಲೆ.